ಹಿಂದಿನ ಟೇಬಲ್ಲಿನವರು

ಪಿ.ಜೆ. ಬಡಾವಣೆಯ ಬಟ್ಟೆ ವ್ಯಾಪಾರಿ ಕೆಂಚವೀರಪ್ಪನವರ ಮಗಳು ಅಂಕಿತಾಗೆ ಆ ಭಾನುವಾರದಿಂದ ನೆಮ್ಮದಿಯಿಲ್ಲ. ಅಂದು ಬಂದ ಒಂದು ವಿಡಿಯೋದಲ್ಲಿ, ಬೆಣ್ಣೆದೋಸೆ ಹೋಟೆಲಿನಲ್ಲಿ ಯಾರೋ ಯೂಟ್ಯೂಬ್‌ನವನು ದೋಸೆ ಮುರಿದು ಹೊಗಳುತ್ತಿದ್ದಾನೆ. ಅವನ ಹೆಗಲ ಹಿಂದೆ, ಮೂಲೆಯ ಟೇಬಲ್ಲಿನಲ್ಲಿ, ಎರ್ರಿಸ್ವಾಮಿಯ ತುಟಿಯಂಚಿಗೆ ಹತ್ತಿದ ಬೆಣ್ಣೆಯನ್ನು ಅಂಕಿತಾ ತನ್ನ ದುಪಟ್ಟಾದಿಂದ ಒರೆಸುತ್ತಿದ್ದಾಳೆ. ಆ ವಿಡಿಯೋವನ್ನು ಅರ್ಧ ಊರು ನೋಡಿಯಾಗಿತ್ತು.

ಎರ್ರಿಸ್ವಾಮಿ ಹರಿಹರದವನು, ರೈತರ ಮನೆಯ ಹುಡುಗ, ಫ್ಲೆಕ್ಸ್ ಡಿಸೈನ್ ಮಾಡುತ್ತಾನೆ. ಅಂಕಿತಾ ತನ್ನ ಅಣ್ಣನ ಮದುವೆಯ ಫ್ಲೆಕ್ಸ್ ಮಾಡಿಸಲು ಹೋದಾಗ ಪರಿಚಯ. ಪ್ರೀತಿಯ ಮಾತನ್ನು ಇಬ್ಬರೂ ಇನ್ನೂ ಬಾಯಿಬಿಟ್ಟು ಆಡಿರಲಿಲ್ಲ. ದುಪಟ್ಟಾ ಮಾತ್ರ ಅವಸರ ಮಾಡಿತ್ತು.

ಅಪ್ಪ ನೋಡಿದರೆ? ಜಾತಿ ಬೇರೆ, ಮನೆತನ ಬೇರೆ. ಫೋನ್ ಕಿತ್ತುಕೊಂಡು, ಬಂದ ಮೊದಲ ಸಂಬಂಧಕ್ಕೇ ಹೂಂ ಅಂದುಬಿಡುತ್ತಾರೆ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, ಯಾರು ಫೋನ್ ಹಿಡಿದು ನಕ್ಕರೂ ಅವಳು ದುಪಟ್ಟಾ ಸರಿಮಾಡಿಕೊಳ್ಳುತ್ತಿದ್ದಳು.

ಆದರೂ ರೂಮಿನ ಬಾಗಿಲು ಹಾಕಿಕೊಂಡು ಅದೇ ವಿಡಿಯೋ ಹಚ್ಚುತ್ತಿದ್ದಳು. ತನ್ನ ಮುಖ ಎಷ್ಟು ಕಾಣುತ್ತದೆಂದು ನೋಡಲು ಅಂತ ತನಗೆ ತಾನೇ ಹೇಳಿಕೊಂಡರೂ, ನೋಡುತ್ತಿದ್ದದ್ದು ಒರೆಸುವಾಗ ಅವನು ಕಣ್ಣು ಕೆಳಗಿಳಿಸಿ ನಗುವುದನ್ನು.

ಒಂದು ವಿಷಯ ಮರೆತಿದ್ದಳು. ಅವಳ ಫೋನಿಗೂ ಮನೆಯ ಟಿವಿಗೂ ಒಂದೇ ಯೂಟ್ಯೂಬ್ ಅಕೌಂಟ್. ಅಮ್ಮನಿಗೆ ಧಾರಾವಾಹಿ ಹಾಕಿಕೊಡಲು ಅವಳೇ ಲಾಗಿನ್ ಮಾಡಿದ್ದಳು. ಫೋನಿನಲ್ಲಿ ನೋಡಿದ್ದನ್ನು ಟಿವಿಯಲ್ಲಿಯೂ ಮುಂದಿಟ್ಟು ಕೊಡುವ ಬುದ್ಧಿ ಅದಕ್ಕೆ.

ಗುರುವಾರ ಸಂಜೆ ಎರ್ರಿಸ್ವಾಮಿ ಫೋನ್ ಮಾಡಿ, ವಿಡಿಯೋ ಅಳಿಸಿಹಾಕಲು ಆ ಯೂಟ್ಯೂಬ್‌ನವನು ಒಪ್ಪಿದ್ದಾನೆ ಎಂದ. ಅವಳು ನಿಟ್ಟುಸಿರು ಬಿಡುವಷ್ಟರಲ್ಲಿ ಹಾಲ್‌ನಿಂದ ಅದೇ ದೋಸೆಯ ಹೊಗಳಿಕೆ ಕೇಳಿಸಿತು.

ಫೋನ್ ಹಿಡಿದೇ ಓಡಿದಳು. ವಚನ ಕೇಳಲು ಟಿವಿ ಹಚ್ಚಿದ್ದ ಅಮ್ಮ ಅನ್ನಪೂರ್ಣಮ್ಮ, ಮೊದಲು ಕಂಡದ್ದನ್ನೇ ಒತ್ತಿ ರಿಮೋಟ್ ಹಿಡಿದು ಕೂತಿದ್ದರು. ದೊಡ್ಡ ಪರದೆಯ ಮೇಲೆ ಅವಳ ದುಪಟ್ಟಾ. ಅಪ್ಪ ಚಹಾದ ಕಪ್ ಕೆಳಗಿಟ್ಟರು.

“ಯಾರವ್ವ ಅವನು?”

ಫ್ರೆಂಡ್ ಎನ್ನಬಹುದಿತ್ತು. ಅದು ನಾನಲ್ಲ ಎನ್ನಬಹುದಿತ್ತು. ಆದರೆ ಟಿವಿಯಲ್ಲಿ ಅವನು ನಗುತ್ತಿದ್ದ. ಆ ನಗುವಿನ ಎದುರು ಸುಳ್ಳು ಹೇಳಲು ಅವಳಿಗೆ ಆಗಲಿಲ್ಲ.

“ಎರ್ರಿಸ್ವಾಮಿ ಅಂತ, ಅಪ್ಪಾಜಿ. ಹರಿಹರದೋನು. ಮದುವೆ ಅಂತ ಆದ್ರೆ ಅವನನ್ನೇ ಆಗ್ತೀನಿ.”

ಅಪ್ಪ ಕೂಗಾಡಲಿಲ್ಲ. ಅದೇ ಅವಳಿಗೆ ಇನ್ನಷ್ಟು ಹೆದರಿಕೆ ಹುಟ್ಟಿಸಿತು. ವಿಡಿಯೋ ಮುಗಿಯುವವರೆಗೂ ನೋಡಿ ಎದ್ದರು.

“ಬರಾಕೆ ಹೇಳು. ಮುಖ ನೋಡ್ತೀನಿ. ನಾ ಹೂಂ ಅಂದಿಲ್ಲ, ನೆನಪಿರ್ಲಿ.”

ಆಗ ನೆನಪಾಯಿತು, ಕೈಯಲ್ಲಿದ್ದ ಫೋನ್ ಕಟ್ ಮಾಡಿರಲಿಲ್ಲ. ಕಿವಿಗಿಟ್ಟುಕೊಂಡಳು. ಆ ಕಡೆ ಎರ್ರಿಸ್ವಾಮಿ ಇನ್ನೂ ಇದ್ದ.

“ಎಲ್ಲಾ ಕೇಳಿಸ್ತಾ?”

“ಹ್ಞೂಂ. ನನ್ನನ್ನ ಒಂದ್ ಮಾತು ಕೇಳ್ಬಾರ್ದಿತ್ತಾ?”

ಅವಳಿಗೆ ಅಪ್ಪನ ಮುಂದೆ ಕೂಡ ಇಷ್ಟು ಭಯವಾಗಿರಲಿಲ್ಲ.

“ಕೇಳಿದ್ರೆ ಏನಂತಿದ್ದೆ?”

“ಕೈಕಾಲು ನಡುಗ್ತಾ ಅದಾವೆ, ಅಂಕಿತಾ. ಆದ್ರೂ ಬರ್ತೀನಿ. ನಿಮ್ಮಪ್ಪಾಜಿ ಮುಂದೆ ಬೆಣ್ಣೆದೋಸೆ ಮಾತ್ರ ಕೊಡಬ್ಯಾಡ.”