ಕಳಸಗಿತ್ತಿಯಿಲ್ಲದ ಮದುವೆ

"ಅಲ್ಲೇ ನಿಂತ್ಕೊಳ್ಳಿ! ಕಾಲುವೆ ದಾಟಬೇಡಿ!"

ಆದಿಲಕ್ಷ್ಮಿ ಕೂಗಿದ ರಭಸಕ್ಕೆ ಕೋದಂಡರಾಮ ಸೈಕಲ್ಲಿನಿಂದ ಹಾರಿಯೇ ಇಳಿದ. ಆ ದಡದಲ್ಲಿ ಅವನು, ಈ ದಡದಲ್ಲಿ ಅವಳು. ನಡುವೆ ಮೊಣಕಾಲುದ್ದದ ನೀರು, ನೀರಿನ ಮೇಲೆ ಉದುರಿದ ಮಾವಿನ ಹೂ.

ಬರುವ ಶುಕ್ರವಾರ ಇವರಿಬ್ಬರ ಮದುವೆಯೆಂದು ನಿಶ್ಚಯವಾಗಿತ್ತು.

ಅದು ೧೯೩೬ರ ಮಾಘ ಮಾಸ. ಯಲ್ದೂರಿನಲ್ಲಿ ಇಲಿ ಬಿದ್ದು, ಪ್ಲೇಗು ಬಂತೆಂದು ಊರಿಗೆ ಊರೇ ಮನೆಗಳಿಗೆ ಬೀಗ ಹಾಕಿ ಮಾವಿನ ತೋಪಿನ ಗುಡಿಸಲುಗಳಿಗೆ ಬಂದಿತ್ತು. ಆದಿಲಕ್ಷ್ಮಿಯ ಗುಡಿಸಲು ಮಾತ್ರ ಎಲ್ಲರಿಂದ ದೂರ, ತೋಪಿನ ಕೊನೆಯಲ್ಲಿ. ಪಕ್ಕದ ಮನೆಯ ಸೊಸೆ ಭಾರತಮ್ಮನಿಗೆ ಕಂಕುಳಲ್ಲಿ ಗಡ್ಡೆ ಎದ್ದಾಗ ಗಂಡನ ಕಡೆಯವರೇ ಓಡಿಹೋಗಿದ್ದರು. ಹತ್ತಿರ ಕೂತು ಬಾಯಿಗೆ ನೀರು ಬಿಟ್ಟವಳು ಆದಿಲಕ್ಷ್ಮಿ ಒಬ್ಬಳೇ.

ತಾಯಿಯಿಲ್ಲದ ಹುಡುಗಿಗೆ ಜಡೆ ಹೆಣೆದು, ಬೈದು, ಅಡುಗೆ ಕಲಿಸಿದವಳು ಭಾರತಮ್ಮ. ಮದುವೆಯಲ್ಲಿ ಕಳಸ ಹಿಡಿದು ಪಕ್ಕದಲ್ಲಿ ನಿಲ್ಲಬೇಕಾಗಿದ್ದವಳೂ ಅವಳೇ. ಹುಣ್ಣಿಮೆಗೆ ಮೊದಲೇ ತೀರಿಕೊಂಡಳು. ಅಂದಿನಿಂದ ತೋಪಿನ ಹೆಂಗಸರು ಆದಿಲಕ್ಷ್ಮಿಯ ನೆರಳು ಕಂಡರೂ ಸೆರಗು ಮೂಗಿಗೆ ಒತ್ತಿಕೊಳ್ಳುತ್ತಿದ್ದರು.

"ತಾಯಲೂರಿಂದ ಇಷ್ಟು ದೂರ ತುಳ್ಕೊಂಡು ಬಂದಿದೀನಿ," ಕೋದಂಡರಾಮ ನಗಲು ನೋಡಿದ. "ಒಂದು ಲೋಟ ನೀರೂ ಇಲ್ವಾ?"

"ಯಾಕೆ ಬಂದ್ರಿ?"

"ಮದುವೆ ಹುಡುಗ ಮತ್ತೆ ಯಾಕೆ ಬರ್ತಾನೆ?" ಅವನ ನಗು ಮಾಯವಾಯಿತು. "ದಿಬ್ಬಣ ಬರಲ್ಲ ಆದಿಲಕ್ಷ್ಮಿ. ನಮ್ಮಮ್ಮ ಹೆದರಿದಾಳೆ. ಈ ಮುಹೂರ್ತ ತಪ್ಪಿದ್ರೆ ಮುಳಬಾಗಿಲಿನ ಇನ್ನೊಂದು ಮನೆಗೆ ಮಾತು ಕೊಡ್ತೀನಿ ಅಂತಾಳೆ. ನಾನು ಒಬ್ಬನೇ ಬರ್ತೀನಿ. ಕೋಲಾರದಲ್ಲಿ ಪ್ಲೇಗಿನ ಸೂಜಿ ಹಾಕಿಸ್ಕೊಂಡಿದೀನಿ, ನೋಡು, ರಟ್ಟೆ ಇನ್ನೂ ಊದಿದೆ."

ಆದಿಲಕ್ಷ್ಮಿ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡಳು. ಬೆಳಗಿನಿಂದ ಅವಳಿಗೆ ಜ್ವರ. ಅಪ್ಪನಿಗೂ ಹೇಳಿರಲಿಲ್ಲ. ಕಣ್ಣು ಉರಿಯುತ್ತಿತ್ತು, ಸೊಂಟ ಒಡೆದುಹೋಗುವಂತಿತ್ತು. ಭಾರತಕ್ಕನಿಗೂ ಹೀಗೆಯೇ ಶುರುವಾದದ್ದು.

"ನಂಗೆ ಈ ಮದುವೆ ಬೇಡ," ಎಂದಳು.

"ಏನಂದೆ?"

"ಹೆಣ್ಣು ನೋಡೋಕೆ ಬಂದಾಗ್ಲೇ ನೀವು ನಂಗೆ ಹಿಡಿಸ್ಲಿಲ್ಲ. ಅಪ್ಪನ ಮಾತಿಗೆ ಹೂಂ ಅಂದೆ. ಮುಳಬಾಗಿಲಿನ ಹುಡುಗೀನೇ ಮದುವೆ ಆಗಿ. ಹೋಗಿ."

ಅವನು ಬಹಳ ಹೊತ್ತು ನೋಡಿದ. ಆ ನೋಟ ಅವಳ ಮುಖದಿಂದ ಇಳಿದು ಸೆರಗು ಹಿಂಡುತ್ತಿದ್ದ ಕೈಗೆ ಬಂತು, ಮತ್ತೆ ಮುಖಕ್ಕೆ ಏರಿತು. ಅವಳು ತಡೆಯಲಾರದೆ ಬೆನ್ನು ತಿರುಗಿಸಿ ಗುಡಿಸಲಿನೊಳಗೆ ಹೋದಳು. ಚಾಪೆಯ ಮೇಲೆ ಬಿದ್ದು, ಅಳು ಹೊರಗೆ ಕೇಳದಂತೆ ಕಂಬಳಿ ಕಚ್ಚಿದಳು.

ಸಂಜೆ ತಂದೆ ಕದಿರಪ್ಪ ಮಗಳ ಹಣೆ ಮುಟ್ಟಿ ನೋಡಿ, ಮುಟ್ಟಿದ ಕೈಯನ್ನು ಹಿಂದಕ್ಕೆ ತೆಗೆದುಕೊಳ್ಳದೆ ಹಾಗೆಯೇ ಕುಳಿತರು. "ಗಡ್ಡೆ?" ಎಂದರು.

"ಇಲ್ಲಪ್ಪಾ. ಇನ್ನೂ ಇಲ್ಲ."

ನೀರು ತರಲು ಹೊರಗೆ ಹೋದ ಕದಿರಪ್ಪ ಕಂಡದ್ದು, ಆಚೆ ದಡದ ಮರಕ್ಕೆ ಒರಗಿಸಿದ್ದ ಸೈಕಲ್ಲು. ಅದರ ಪಕ್ಕದಲ್ಲಿ ಟವೆಲ್ ಹಾಸಿ ಕೂತಿದ್ದ ಭಾವೀ ಅಳಿಯ.

"ಹೋಗ್ಲಿಲ್ವಾ ನೀವು?"

"ಬಾಯಿ ಹೋಗು ಅಂತು ಮಾವ. ಕಣ್ಣು ಅನ್ನಲಿಲ್ಲ."

ಮುದುಕರು ದಡಕ್ಕೆ ಬಂದರು. ಇದ್ದದ್ದನ್ನು ಇದ್ದ ಹಾಗೆ ಹೇಳಿದರು. ಕೋದಂಡರಾಮ ಪಂಚೆ ಎತ್ತಿಕಟ್ಟಿ ನೀರಿಗೆ ಕಾಲಿಟ್ಟ. ಕದಿರಪ್ಪ ಎರಡೂ ಕೈ ಜೋಡಿಸಿಬಿಟ್ಟರು. "ಬೇಡಪ್ಪಾ. ಬಂದ್ರೆ ಅವಳು ಜ್ವರಕ್ಕಿಂತ ಮೊದಲು ಅದರಿಂದಲೇ ಸಾಯ್ತಾಳೆ. ಅಲ್ಲಿಂದ್ಲೇ ಮಾತಾಡು."

ಹೀಗೆ ಅವರ ಮೊದಲ ಸಲ್ಲಾಪ ಕಾಲುವೆಯ ಆಚೀಚೆ ನಡೆಯಿತು. ಅವನು ದಡದಲ್ಲಿ, ಅವಳು ತೆಂಗಿನ ಗರಿಯ ತಟ್ಟಿಯ ಹಿಂದೆ, ಹಲ್ಲು ಕಟಕಟ ಎನ್ನುತ್ತ.

"ಹಿಡಿಸ್ಲಿಲ್ಲ ಅಂದೆಯಲ್ಲ, ಮತ್ತೆ ಅವತ್ತು ಬಾಗಿಲ ಸಂದಿಯಿಂದ ಅಷ್ಟೊಂದು ಸಲ ಯಾಕೆ ಇಣುಕಿದ್ದು?"

"ಬೆಕ್ಕು ಬಂತೇನೋ ಅಂತ."

"ನಿಮ್ಮ ಮನೇಲಿ ಬೆಕ್ಕಿಲ್ಲ. ಮಾವನ್ನ ಕೇಳಿದೀನಿ."

ತಟ್ಟಿಯ ಹಿಂದೆ ನಕ್ಕ ಸದ್ದು. ಅದರ ಬೆನ್ನಿಗೇ ನರಳಿದ ಸದ್ದು. ಅವನು ಎದ್ದು ನಿಂತ.

"ಆದಿಲಕ್ಷ್ಮಿ?"

ಅವನು ನೀರಿನಂಚಿಗೆ ಬಂದ.

"ಲೇ, ಮಾತಾಡೇ!"

"ಇದೀನಿ," ಎಂದಳು ಸಣ್ಣ ದನಿಯಲ್ಲಿ. "ನಾಳೆ ಇರ್ತೀನೋ ಇಲ್ವೋ. ನೀವು ಮಾತ್ರ ದಾಟಬೇಡಿ."

ಬುಧವಾರ ಅವಳ ಜ್ವರ ಬೆವರಿಟ್ಟು ಇಳಿಯಿತು. ಕದಿರಪ್ಪ ದೇವರಿಗೆ ಮುಡಿಪು ಕಟ್ಟಿದರು. ಗುರುವಾರ ಬೆಳಗ್ಗೆ ಮತ್ತೆ ಏರಿತು. ಆಗ ಅವರು ಹೊರಗೆ ಹೋಗಿ ಮರಕ್ಕೆ ತಲೆ ಕೊಟ್ಟು ನಿಂತರು. ಅದನ್ನು ಕಂಡ ಕೋದಂಡರಾಮ ಸೈಕಲ್ ಹತ್ತಿದ.

ಸೈಕಲ್ಲಿನ ಸದ್ದು ದೂರವಾಗುವುದನ್ನು ಆದಿಲಕ್ಷ್ಮಿ ಒಳಗಿನಿಂದಲೇ ಕೇಳಿದಳು. ಹೋಗು ಎಂದವಳು ತಾನೇ. ಹೋದ ಮೇಲೆ ಎದೆ ಹೀಗೆ ಹಿಂಡುತ್ತದೆಂದು ಗೊತ್ತಿರಲಿಲ್ಲ.

ಮಧ್ಯಾಹ್ನ ಅವನು ಶ್ರೀನಿವಾಸಪುರದಿಂದ ಸೂಜಿ ಹಾಕುವ ಆರೋಗ್ಯ ಇನ್ಸ್‌ಪೆಕ್ಟರನ್ನು ಕ್ಯಾರಿಯರಿನ ಮೇಲೆ ಕೂರಿಸಿಕೊಂಡು ಬಂದ. ಆ ಮನುಷ್ಯ ಬೂಟು ಬಿಚ್ಚಿ ಕಾಲುವೆ ದಾಟಿ ಗುಡಿಸಲಿನೊಳಗೆ ಹೋದರು. ಕೋದಂಡರಾಮ ನೀರಿನಂಚಿನಲ್ಲಿ ಹುಲ್ಲು ಕೀಳುತ್ತ ಕೂತ. ಕಾಲ ಬುಡದ ಹುಲ್ಲೆಲ್ಲ ಖಾಲಿಯಾಯಿತು.

ಇನ್ಸ್‌ಪೆಕ್ಟರು ಹೊರಬಂದು ಕೈ ತೊಳೆದರು. "ಪ್ಲೇಗಲ್ಲ ಕಣಯ್ಯ. ಒಂದು ದಿನ ಬಿಟ್ಟು ಒಂದು ದಿನ ಬರೋ ಚಳಿಜ್ವರ, ಸೊಳ್ಳೆ ಕೊಟ್ಟಿದ್ದು. ಗಡ್ಡೆ ಜ್ವರ ಆಗಿದ್ರೆ ಇಷ್ಟರಲ್ಲಿ ಎದ್ದು ಕೂತು ಉತ್ತರ ಕೊಡೋ ಸ್ಥಿತೀಲಿ ಇರ್ತಿರಲಿಲ್ಲ. ಕ್ವಿನೈನ್ ಕೊಟ್ಟಿದೀನಿ. ನನ್ನನ್ನ ಹೇಗೆ ಬಂದ್ರಿ ಅಂತ ಕೇಳಿದ್ಲು. ಸೈಕಲ್ ಮೇಲೆ ಅಂದೆ, ಅಳೋಕೆ ಶುರು ಮಾಡಿದ್ಲು."

ಕೋದಂಡರಾಮ ಪಂಚೆಯನ್ನೂ ಎತ್ತಿಕಟ್ಟದೆ ಕಾಲುವೆಗೆ ಇಳಿದ.

ಶುಕ್ರವಾರ ಮಾವಿನ ಮರದ ಕೆಳಗೆ ಹಸೆ ಬರೆಯಲು ಹೆಂಗಸರಿರಲಿಲ್ಲ. ಕದಿರಪ್ಪನವರೇ ನಾಲ್ಕು ಎಳೆ ಎಳೆದರು. ಪುರೋಹಿತರು ಮಂತ್ರವನ್ನು ದೂರದಿಂದಲೇ ಹೇಳುತ್ತೇನೆಂದು ಒಪ್ಪಿ ಬಂದಿದ್ದರು. ಇನ್ಸ್‌ಪೆಕ್ಟರು ಹೇಳಿಹೋದ ಮಾತನ್ನು ತೋಪಿನವರು ನಂಬಿರಲಿಲ್ಲ. ತಮ್ಮ ಗುಡಿಸಲುಗಳ ಮುಂದೆ ಗುಂಪಾಗಿ ನಿಂತು ನೋಡುತ್ತಿದ್ದರು.

ಆದಿಲಕ್ಷ್ಮಿ ಬಂದಳು. ಮುಖ ಬಾಡಿತ್ತು. ಸೀರೆಯ ನೆರಿಗೆ ಒಂದು ಮೇಲೆ, ಒಂದು ಕೆಳಗೆ. ಸರಿಮಾಡುವವರು ಯಾರೂ ಇರಲಿಲ್ಲ.

"ಕಳಸ ಹಿಡಿಯೋರು ಯಾರಮ್ಮ?" ಪುರೋಹಿತರು ಕೇಳಿದರು. "ಪಕ್ಕದಲ್ಲಿ ಒಬ್ಬ ಮುತ್ತೈದೆ ನಿಲ್ಲಬೇಕಲ್ಲ."

ಕದಿರಪ್ಪ ಗುಡಿಸಲುಗಳ ಕಡೆ ತಿರುಗಿ ಟವೆಲ್ ಚಾಚಿದರು. "ಯಾರಾದ್ರೂ ಬನ್ರಮ್ಮಾ. ಪುಣ್ಯ ಬರ್ತದೆ."

ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಮುನಿಶಾಮಮ್ಮ ಎನ್ನುವ ಹಿರಿಯಾಕೆ ಎರಡು ಹೆಜ್ಜೆ ಮುಂದೆ ಬಂದು, ಸೊಸೆ ಸೆರಗು ಹಿಡಿದೆಳೆದ ಮೇಲೆ ಕಣ್ಣೊರೆಸಿಕೊಂಡು ನಿಂತುಬಿಟ್ಟಳು. ಮುಹೂರ್ತ ಜಾರುತ್ತಿತ್ತು. ಪುರೋಹಿತರು ಸೂರ್ಯನನ್ನು ನೋಡಿ ಗಂಟಲು ಸರಿಮಾಡಿಕೊಂಡರು. ಕದಿರಪ್ಪನ ಟವೆಲ್ ಹಿಡಿದ ಕೈ ಮಾತ್ರ ಕೆಳಗಿಳಿಯಲಿಲ್ಲ.

"ಕೈ ಇಳಿಸಪ್ಪಾ," ಎಂದಳು ಆದಿಲಕ್ಷ್ಮಿ. "ಯಾರನ್ನೂ ಬೇಡ್ಕೋಬೇಡ. ಆ ಜಾಗ ಭಾರತಕ್ಕನ್ದು. ಹೆದರಿಕೊಂಡು ಬಂದವರನ್ನ ಅಲ್ಲಿ ನಿಲ್ಲಿಸ್ಕೊಳ್ಳೋಕೆ ನಂಗೆ ಇಷ್ಟ ಇಲ್ಲ. ಖಾಲಿ ಇರ್ಲಿ. ಕಳಸ ನಾನೇ ಹಿಡ್ಕೊತೀನಿ."

"ಶಾಸ್ತ್ರದಲ್ಲಿ ಹಾಗೆ..." ಪುರೋಹಿತರು ತಡವರಿಸಿದರು.

ಕೋದಂಡರಾಮ ಆಗ ಒಂದು ಕೆಲಸ ಮಾಡಿದ. ಅವಳ ಎಡಕ್ಕೆ ಒಬ್ಬರು ನಿಲ್ಲುವಷ್ಟು ಜಾಗ ಬಿಟ್ಟು, ಅಲ್ಲಿ ಬಿದ್ದಿದ್ದ ಒಣಗಿದ ಎಲೆಗಳನ್ನು ಕೈಯಿಂದ ಗುಡಿಸಿ, ಒಂದು ವೀಳ್ಯದೆಲೆ, ಅಡಿಕೆ, ಅರಿಶಿನದ ಕೊಂಬು ಇಟ್ಟ. ಆಮೇಲೆ ಎದ್ದು, "ಮಂತ್ರ ಹೇಳಿ ಸ್ವಾಮಿ," ಎಂದ.

ತಾಳಿಯ ಮೊದಲ ಗಂಟು ಗಂಡನದು, ಉಳಿದವು ಅವನ ಅಕ್ಕತಂಗಿಯರವು. ಇಲ್ಲಿ ಎಲ್ಲವನ್ನೂ ಅವನೇ ಕಟ್ಟಬೇಕಾಯಿತು. ಕೊನೆಯ ಗಂಟು ಬೇಕೆಂದೇ ತಡವಾಯಿತೋ, ಅಭ್ಯಾಸವಿಲ್ಲದ ಬೆರಳಿಗೆ ಗಂಟು ಸಿಗದೆ ತಡವಾಯಿತೋ, ಕತ್ತು ಬಗ್ಗಿಸಿ ಕುಳಿತವಳಿಗೆ ತಿಳಿಯಲಿಲ್ಲ. ಅವನ ಉಸಿರು ಕಿವಿಯ ಹಿಂದೆ ಬೆಚ್ಚಗೆ ತಾಗುತ್ತಿತ್ತು.

ದೂರದಲ್ಲಿ ನಿಂತವರು ಅಕ್ಷತೆ ಎಸೆದರು. ಒಂದು ಕಾಳೂ ಇವರನ್ನು ತಲುಪಲಿಲ್ಲ.

ಊಟಕ್ಕೆ ಅನ್ನ, ಹುಳಿ, ಒಂದಿಷ್ಟು ಬೆಲ್ಲ. ಕದಿರಪ್ಪ ಬೇಗ ಉಂಡು ಹಸುವಿನ ನೆಪ ಹೇಳಿ ಹೊರಗೆ ಹೋದರು. ಊರಿನ ಕಾಯಿಲೆ ತೀರುವವರೆಗೆ ಕೋದಂಡರಾಮನೂ ಇದೇ ಗುಡಿಸಲಿನಲ್ಲಿ ಇರಬೇಕು. ತಾಯಲೂರಿನ ಬಾಗಿಲು ಯಾವಾಗ ತೆರೆಯುತ್ತದೋ ಇಬ್ಬರಿಗೂ ಗೊತ್ತಿರಲಿಲ್ಲ.

"ನಿಮ್ಮಮ್ಮ ಒಳಗೆ ಸೇರಿಸ್ದೆ ಇದ್ರೆ?" ಬಡಿಸುತ್ತ ಕೇಳಿದಳು.

"ನಮ್ಮಮ್ಮ ಕೂಗಾಡ್ತಾಳೆ, ಆಮೇಲೆ ಅಳ್ತಾಳೆ, ಆಮೇಲೆ ಊಟಕ್ಕಿಕ್ತಾಳೆ. ನಂಗೆ ಈಗ ಆ ಚಿಂತೆ ಇಲ್ಲ."

"ಮತ್ತಿನ್ಯಾವ ಚಿಂತೆ?"

"ಇಷ್ಟವಿಲ್ಲದ ಗಂಡನ ಜೊತೆ ನೀನು ಹೇಗೆ ಬಾಳ್ತೀಯೋ ಅಂತ."

ಅವಳು ಸೌಟನ್ನು ಪಾತ್ರೆಯಲ್ಲಿಟ್ಟಳು. ಅವನ ಎಲೆಯ ಮುಂದೆ ಮೊಣಕಾಲೂರಿ ಕೂತು, ಈ ಸಲ ಬಾಗಿಲ ಸಂದಿಯಿಲ್ಲದೆ, ಅವನ ಕಣ್ಣೊಳಗೇ ನೋಡಿದಳು.

"ನಿಮಗೇನಾದ್ರೂ ಆಗಿದ್ರೆ ನಾನು ಬದುಕ್ತಿರಲಿಲ್ಲ," ಎಂದಳು. "ಈಗ ಊಟ ಮಾಡಿ, ಅನ್ನ ಆರ್ತಿದೆ."

ಅವನು ತುತ್ತು ಕಲಸಿ, ಮೊದಲು ಅವಳ ಬಾಯಿಗೆ ಹಿಡಿದ.