ಮೊರದಜ್ಜಿ ಮತ್ತು ಕರಿಕೇಶಪುರದ ಮಳೆ

ಮರಗಳಿಗೆ ಮಾತು ಬರುತ್ತಿದ್ದ ಕಾಲ. ಬೆಟ್ಟಗಳು ಬೇಸರವಾದಾಗ ಎದ್ದು ಬೇರೆ ಕಡೆ ಹೋಗಿ ಕೂರುತ್ತಿದ್ದ ಕಾಲ. ಅಷ್ಟು ಹಿಂದೆ ಕರಿಕೇಶಪುರ ಎಂಬ ರಾಜ್ಯವಿತ್ತು. ಆ ರಾಜ್ಯದಲ್ಲಿ ಒಂದೇ ಒಂದು ಬಿಳಿ ಕೂದಲು ಇರಲಿಲ್ಲ. ಅಂದರೆ, ಕಣ್ಣಿಗೆ ಕಾಣುವ ಹಾಗೆ ಇರಲಿಲ್ಲ!

ಬೆಳಗೆದ್ದರೆ ಅಲ್ಲಿನ ಜನಕ್ಕೆ ಮೊದಲ ಕೆಲಸ ಇದ್ದಿಲು ಅರೆದು, ಗಂಜಿಯಲ್ಲಿ ಕಲಸಿ, ತಲೆಗೆ ಬಳಿದುಕೊಳ್ಳುವುದು. ದೊರೆ ನೀಲಾಂಗನಿಗೆ ಬೆಳ್ಳಿ ಬಟ್ಟಲಲ್ಲಿ ಕಲಸಿ ಕೊಡುತ್ತಿದ್ದರು, ಬಡವರಿಗೆ ತೆಂಗಿನ ಚಿಪ್ಪು. ಮಸಿ ಮಾತ್ರ ಎಲ್ಲರಿಗೂ ಒಂದೇ. ಹಾಗಾಗಿ ಆ ಊರಿನವರಿಗೆ ಹುಲಿಗಿಂತ ಮಳೆ ಎಂದರೆ ಹೆಚ್ಚು ಭಯ. ನಾಲ್ಕು ಹನಿ ಬಿದ್ದರೆ ಸಾಕು, ಸಂತೆ ಖಾಲಿ. ಮದುವೆ ಚಪ್ಪರದಲ್ಲಿ ಗಂಡು ಹೆಣ್ಣು ಇಬ್ಬರೇ ಉಳಿದು, ಪುರೋಹಿತರೂ ಪರಾರಿ! ನಗಬೇಡಿ, ಅವರ ಕಷ್ಟ ಅವರಿಗೆ.

ಇದಕ್ಕೆಲ್ಲ ಕಾರಣ ಮಂತ್ರವಾದಿ ಧೂಮಾಕ್ಷ. "ಮುಪ್ಪು ಅಂದರೆ ಬೇರೇನೂ ಅಲ್ಲ ಪ್ರಭು, ಗುಟ್ಟಾಗಿ ಮಾಡಿದ ಪಾಪ ತಲೆಯ ಮೇಲೆ ಬೆಳ್ಳಗೆ ಮೊಳೆಯುವುದು" ಎಂದು ದೊರೆಯನ್ನು ನಂಬಿಸಿದ್ದ. ನರೆ ಕಂಡವರನ್ನು ಅವನ ಮುಂದೆ ನಿಲ್ಲಿಸಬೇಕು. "ಏನು ಪಾಪ ಮಾಡಿದೆ?" ಎಂದು ಅವನು ಕೇಳುತ್ತಿದ್ದ. ಪಾಪ, ಯಾರಿಗಾದರೂ ಏನಾದರೊಂದು ನೆನಪಾಗದೆ ಇರುತ್ತದೆಯೇ ಹೇಳಿ? ಒಬ್ಬ ಚಿಕ್ಕಂದಿನಲ್ಲಿ ಮಾವಿನಕಾಯಿ ಕದ್ದಿದ್ದ, ಇನ್ನೊಬ್ಬಳು ನಾದಿನಿಗೆ ಶಾಪ ಹಾಕಿದ್ದಳು. "ಇದಕ್ಕೇ ಇರಬೇಕು ಸ್ವಾಮಿ" ಎಂದು ತಲೆ ತಗ್ಗಿಸಿದರೋ, ಕಾಲಿನಿಂದ ನೆತ್ತಿಯವರೆಗೆ ಕಲ್ಲಾಗಿಬಿಡುತ್ತಿದ್ದರು. ಕೋಟೆಯ ಸುತ್ತ ಸಾಲಾಗಿ ನಿಂತ ಆ ಕಲ್ಲುಗಳ ಉಸಿರನ್ನು ಧೂಮಾಕ್ಷ ಪ್ರತಿದಿನ ಬೆಳಿಗ್ಗೆ ಹೀರುತ್ತಿದ್ದ. ಅದರಿಂದಲೇ ಅವನು ನೂರಾರು ವರ್ಷಗಳಿಂದ ಇಪ್ಪತ್ತರ ಹರೆಯದವನಂತೆ ಹೊಳೆಯುತ್ತಿದ್ದ.

ಆ ಊರಿನಲ್ಲಿ ಹೊನ್ನಾಜಮ್ಮ ಎಂಬ ಹೆಂಗಸಿದ್ದಳು. ತಬ್ಬಲಿಯಾದ ಸೋದರಳಿಯ ಚೆನ್ನಿಗನನ್ನು ಸಾಕಿ ಬೆಳೆಸಿದವಳು. ಬಾಯಿ ಜೋರು, ಕೈ ಧಾರಾಳ. ಒಂದು ದಿನ ಇದ್ದಕ್ಕಿದ್ದಂತೆ ಮಳೆ ಹುಯ್ಯಿತು. ನೆರೆಮನೆಯ ಅಂಬೆಗಾಲಿನ ಕೂಸೊಂದು ಬೀದಿಗೆ ಬಂದು, ಉಕ್ಕಿ ಹರಿಯುವ ಚರಂಡಿಯ ಕಡೆ ಹೊರಟಿತ್ತು. ಬೀದಿಯವರೆಲ್ಲ ಕಿಟಕಿಯಿಂದ "ಅಯ್ಯೋ, ಅಯ್ಯೋ" ಎಂದರೇ ಹೊರತು ಯಾರೂ ಈಚೆ ಬರಲಿಲ್ಲ. ಹೊನ್ನಾಜಮ್ಮ ಸೆರಗು ಬಿಗಿದು ಓಡಿದಳು, ಕೂಸನ್ನು ಎತ್ತಿಕೊಂಡಳು. ಮಸಿಯೆಲ್ಲ ಕರಗಿ ಕೆನ್ನೆ ಮೇಲೆ ಇಳಿಯಿತು. ಕಾವಲಿನವರು ಹಿಡಿದೇಬಿಟ್ಟರು.

"ಏನು ಪಾಪ ಮಾಡಿದೆ?" ಎಂದು ಧೂಮಾಕ್ಷ ಅರಮನೆಯ ಅಂಗಳದ ತುಂಬಿದ ಸಭೆಯಲ್ಲಿ ಗದರಿಸಿದ.

"ಪಾಪ ಮಾಡೋಕೆ ಪುರುಸೊತ್ತೆಲ್ಲಿತ್ತಪ್ಪ? ಈ ಹುಡುಗನಿಗೆ ಮುದ್ದೆ ಬೇಯಿಸೋದರಲ್ಲೇ ಆಯುಸ್ಸು ಕಳೀತು!"

ಸಭೆ ಗೊಳ್ಳೆಂದಿತು. ಧೂಮಾಕ್ಷನ ಕಣ್ಣಿನಿಂದ ಹೊಗೆ ಬಂತು. "ನಿನ್ನ ಪಾಪವಲ್ಲದಿದ್ದರೆ ಈ ಮುಪ್ಪನ್ನು ಮಾಡಿದವರು ಯಾರು? ಅಮಾವಾಸ್ಯೆಯೊಳಗೆ ಉತ್ತರ ಬರಲಿ. ಅಲ್ಲಿಯವರೆಗೆ ನಿನ್ನ ಮನಸ್ಸಿನಲ್ಲಿ 'ಹೌದೇನೋ' ಎಂಬ ಅನುಮಾನ ಎಷ್ಟು ಏರುತ್ತದೋ, ಕಲ್ಲೂ ಅಷ್ಟು ಏರುತ್ತದೆ" ಎಂದು ಮಂತ್ರಿಸಿದ ನೀರು ಎರಚಿದ. ಅವಳ ಪಾದಗಳು ಅಲ್ಲೇ ಕಲ್ಲಾದವು.

"ಅತ್ತೆ, ನಾನು ಉತ್ತರ ತರ್ತೀನಿ. ಧೈರ್ಯವಾಗಿರು" ಎಂದ ಚೆನ್ನಿಗ.

"ಹೋಗಿ ಬಾ ಮಗ. ಬುತ್ತಿ ಕಟ್ಟಿಕೊಡೋಕೆ ಆಗ್ಲಿಲ್ಲ, ನೆಲುವಿನ ಮೇಲೆ ಮಜ್ಜಿಗೆ ಇದೆ, ತಗೊಂಡು ಹೋಗು."

ಮಜ್ಜಿಗೆಯ ಕುಡಿಕೆ ಹೆಗಲಿಗೇರಿಸಿ ಚೆನ್ನಿಗ ಹೊರಟ. ಕಾಡು ದಾಟಿದರೆ ಒಂದು ಬಿಲ. ಬಿಲದ ಬಾಯಲ್ಲಿ ಆನೆಯಷ್ಟು ದೊಡ್ಡ ಕಬ್ಬಿಣದ ಬೆಕ್ಕು, ಕೆಂಡದ ಕಣ್ಣು. ಒಳಗೆ ಇಲಿಗಳ ರೋದನ. ಚೆನ್ನಿಗ ಹಿಂದೆ ಮುಂದೆ ನೋಡದೆ ಕುಡಿಕೆಯ ಮಜ್ಜಿಗೆಯನ್ನು ಅದರ ಕಣ್ಣಿಗೆ ಎರಚಿದ. ಚುಂಯ್ ಎಂದು ಕೆಂಡ ಆರಿತು. ಬೆಕ್ಕು ಬರೀ ಕಬ್ಬಿಣವಾಗಿ ಬಿತ್ತು. ಬಿಳಿ ಮೀಸೆಯ ಇಲಿರಾಯ ಕೋಲೂರಿಕೊಂಡು ಹೊರಬಂದ.

"ತಾತ, ನಿನ್ನನ್ನು ಮುದಿ ಮಾಡಿದವರು ಯಾರು? ಏನು ಪಾಪ ಮಾಡಿದ್ದೆ?"

"ಪಾಪವೇ? ನನಗೆ ಇನ್ನೂ ಎರಡು ವರ್ಷ ಕಣಪ್ಪ. ಹಾವು, ಗೂಬೆ, ಬೆಕ್ಕು ಇವನ್ನೆಲ್ಲ ದಾಟಿ ಎರಡನೇ ಯುಗಾದಿ ಕಾಣೋ ಇಲಿ ಎಲ್ಲಿದೆ? ಬೇಗ ಬೆಳೀಬೇಕು, ಬೇಗ ಮರಿ ಹಾಕಬೇಕು. ಆಮೇಲೆ ಬರೋ ಮುಪ್ಪಿಗೆ ಬಾಗಿಲು ಹಾಕೋಕೆ ಯಾರಿಗೂ ತೋಚಲಿಲ್ಲ. ಅಲ್ಲಿತನಕ ಹೋಗೋರೇ ಇಲ್ಲವಲ್ಲ! ಹೆಚ್ಚಿಗೆ ಬೇಕಾದರೆ ಮೋಡದಾಚೆ ಕಾಳು ಕೇರೋ ಮೊರದಜ್ಜಿಯನ್ನು ಕೇಳು." ಹೀಗೆಂದು ಒಂದು ಮೀಸೆ ಕಿತ್ತುಕೊಟ್ಟ.

ಮುಂದೆ ಹೋದರೆ ಒಂದು ಗವಿ. ಕೆಳಗೆ ತಳವಿಲ್ಲದ ಹಳ್ಳ, ಮೇಲೆ ಸಾಲಾಗಿ ಬಾವಲಿಗಳು. "ತಲೆಕೆಳಗಾಗಿ ನಮ್ಮ ಜೊತೆ ತೂಗಾಡು. ಕಿಟಾರನೆ ಕಿರುಚಿದವರು ಹಳ್ಳಕ್ಕೆ" ಎಂದಿತು ಹಿರಿಯ ಬಾವಲಿ. ಇಲಿಯಷ್ಟೇ ಮೈ, ಆದರೆ ದನಿಯಲ್ಲಿ ಎಷ್ಟು ಗತ್ತು! ಚೆನ್ನಿಗ ಬಂಡೆಯ ಸಂದಿಗೆ ಕಾಲು ಸಿಕ್ಕಿಸಿ ತೂಗಾಡಿದ. ರಕ್ತ ತಲೆಗಿಳಿಯಿತು, ಜೇಡವೊಂದು ಮೂಗಿನೊಳಗೆ ಇಣುಕಿ ನೋಡಿತು. ಅತ್ತೆಯನ್ನು ನೆನೆದು ಹಲ್ಲು ಕಚ್ಚಿದ, ಕಿರುಚಲಿಲ್ಲ. ಬಾವಲಿ ಮೆಚ್ಚಿತು.

"ಅಜ್ಜಿ, ನಿನ್ನನ್ನು ಮುದಿ ಮಾಡಿದವರು ಯಾರು? ಏನು ಪಾಪ ಮಾಡಿದ್ದೆ?"

"ಯಾರೋ ಮುದಿ? ನನಗೆ ಮೂವತ್ತೇ ಮಳೆಗಾಲ, ಮೊನ್ನೆ ತಾನೆ ಮರಿ ಹಾಕಿದೀನಿ! ನಮಗೆ ರೆಕ್ಕೆ ಇದೆ, ಹಾವಿಗೆ ಸಿಗಲ್ಲ, ಬೆಕ್ಕಿಗೆ ಸಿಗಲ್ಲ. ಬದುಕಿ ಉಳಿದವರಿಗೆ ತಡವಾಗಿಯೂ ಮಕ್ಕಳಾಗತ್ತೆ. ಅದಕ್ಕೆ ಮೈ ಗಟ್ಟಿ ಇಟ್ಟುಕೊಂಡವರ ಸಂತಾನವೇ ಹೆಚ್ಚಾಯ್ತು. ಇಲಿ ನಮಗಿಂತ ಹೆಚ್ಚು ಪಾಪ ಮಾಡಿತ್ತಾ? ಹೋಗು, ಮೊರದಜ್ಜಿಯನ್ನು ಕೇಳು." ಅದು ಎದೆಯ ಒಂದು ಕೂದಲು ಕೊಟ್ಟಿತು.

ಮತ್ತೂ ಮುಂದೆ ಹೋದರೆ ಚಿನ್ನದ ಬಾಳೆಯ ವನ. ಚೆನ್ನಿಗನಿಗೋ ಕಣ್ಣು ಕತ್ತಲೆ ಬರುವಷ್ಟು ಹಸಿವು. ಗೊನೆಗಳೆಲ್ಲ ಒಟ್ಟಿಗೆ ಉಲಿದವು: "ತಿನ್ನು, ಒಂದೇ ಹಣ್ಣು ತಿನ್ನು! ಎಂದೆಂದೂ ಹುಡುಗನಾಗೇ ಇರುತ್ತೀ. ಯಾರಿಗಾಗಿ ಬಂದೆ ಅನ್ನೋದು ಮಾತ್ರ ಮರೆತುಹೋಗುತ್ತದೆ." ಸುಲಿದ ಹಣ್ಣು ತುಟಿಯವರೆಗೂ ತಾನಾಗಿ ಬಂತು. ಚೆನ್ನಿಗ ಬಾಯಿಗೆ ಕೈ ಅಡ್ಡ ಹಿಡಿದ. "ಅತ್ತೆಯ ಮುದ್ದೆ ಮರೆಸೋ ಹಣ್ಣು ನನಗೆ ಬೇಡ" ಎಂದ. ಆಗ ಗೊನೆ ಬಿಟ್ಟು ಒಣಗಿ ನಿಂತಿದ್ದ ತಾಯಿಬಾಳೆ ತಲೆದೂಗಿತು.

"ತಾಯಿ, ನಿನ್ನನ್ನು ಒಣಗಿಸಿದವರು ಯಾರು? ಏನು ಪಾಪ ಮಾಡಿದ್ದೆ?"

"ಮೈಯಲ್ಲಿದ್ದ ಸಾರವನ್ನೆಲ್ಲ ಗೊನೆಗೂ ಬುಡದಲ್ಲಿ ಚಿಗುರಿದ ಕಂದುಗಳಿಗೂ ಎರೆದೆ ಮಗು. ನನಗೇ ಇಟ್ಟುಕೊಂಡಿದ್ದರೆ ಇನ್ನಷ್ಟು ಕಾಲ ನಿಲ್ಲುತ್ತಿದ್ದೆನೇನೋ. ಆದರೆ ನೋಡು, ಈ ವನ ಇರುತ್ತಿರಲಿಲ್ಲ." ಬಾಳೆ ತನ್ನ ನಾರು ಕೊಟ್ಟು, ಮೊರದಜ್ಜಿಯ ಬಳಿಗೆ ಹೋಗುವ ಬಗೆಯನ್ನೂ ಹೇಳಿತು. ಇಲಿಯ ಮೀಸೆ, ಬಾವಲಿಯ ಕೂದಲು, ಬಾಳೆಯ ನಾರು ಮೂರನ್ನೂ ಹೊಸೆದು ಮೇಲಕ್ಕೆ ಎಸೆದರೆ ಅದು ದಾರಿಯಾಯಿತು. ಆ ದಾರಿಯ ತುದಿಯಲ್ಲಿ, ಮೋಡಕ್ಕಿಂತ ಮೇಲೆ, ಒಂದು ಕಣ.

ಕಣದ ನಡುವೆ ಮೊರದಜ್ಜಿ ಕಾಲು ಚಾಚಿ ಕೂತು ಕೇರುತ್ತಿದ್ದಳು. ಲೋಕದಲ್ಲಿ ಹುಟ್ಟುವ ಜೀವಗಳ ಗುಣವೆಲ್ಲ ಕಾಳಾಗಿ ಅವಳ ಮೊರಕ್ಕೆ ಸುರಿಯುತ್ತಿತ್ತು. ಗಟ್ಟಿ ಉಳಿಯುತ್ತಿತ್ತು, ಜೊಳ್ಳು ಹಾರುತ್ತಿತ್ತು.

"ಅಜ್ಜೀ, ಮುಪ್ಪನ್ನು ಮಾಡಿದವಳು ನೀನೇನಾ?"

"ನಾನ್ಯಾಕೆ ಮಾಡಲಿ?" ಮೊರದ ಸದ್ದು ನಿಲ್ಲಲಿಲ್ಲ. "ಎಳವೆಯಲ್ಲಿ ಕೊಲ್ಲೋ ಜೊಳ್ಳಿದ್ದರೆ ಹಾರಿಸಿಬಿಡ್ತೀನಿ, ಯಾಕಂದ್ರೆ ಅದು ಇರೋರು ಮಕ್ಕಳಾಗೋ ಮುಂಚೆಯೇ ಹೋಗಿಬಿಡ್ತಾರೆ. ಮಕ್ಕಳು ಮರಿಗಳೆಲ್ಲ ಆದಮೇಲೆ ಕಾಡೋ ಜೊಳ್ಳು ಇದೆ ನೋಡು, ಅದು ತಲೆ ಎತ್ತೋ ಮುಂಚೆಯೇ ಮಕ್ಕಳ ಮೈ ಸೇರಿರತ್ತೆ. ನನ್ನ ಮೊರಕ್ಕೇ ಬೀಳಲ್ಲ. ತೊಟ್ಟಿಲಾಚೆ ನನ್ನ ಕಣ್ಣು ಮಂಜು."

"ಮೊರಕ್ಕೆ ಬಿದ್ದದ್ದನ್ನೂ ಕೆಲವು ಬಿಟ್ಟಿದ್ದೀಯಲ್ಲ?"

"ಗಮನಿಸಿಬಿಟ್ಟೆಯಾ! ಕೆಲವು ಹೊಟ್ಟು ಕಾಳಿಗೇ ಅಂಟಿರತ್ತೆ. ಹರೆಯದಲ್ಲಿ ಮೂಳೆ ಗಟ್ಟಿ ಮಾಡೋ ಗುಣವೇ ಮುಪ್ಪಿನಲ್ಲಿ ರಕ್ತ ಹರಿಯೋ ನಾಳವನ್ನೂ ಗಟ್ಟಿ ಮಾಡಿ ಕಾಡಬಹುದು. ಹೊಟ್ಟಿಗೆ ಹೆದರಿ ಕಾಳು ಚೆಲ್ಲೋಕಾಗತ್ತೇನೋ ದಡ್ಡ?"

"ಹಾಗಾದರೆ ಇದರಲ್ಲಿ ಯಾರ ಪಾಪವೂ..."

"ನನ್ನ ಮೊರದಲ್ಲಿ ಪಾಪ ಪುಣ್ಯ ಯಾವುದೂ ನಿಲ್ಲಲ್ಲ. ಕೇರಿ ಕೇರಿ ಸಾಕಾಗಿದೆ, ಅಂಥದ್ದು ಇನ್ನೂ ಒಂದೂ ಕಾಣಲಿಲ್ಲ." ಅಜ್ಜಿ ನಕ್ಕಳು. ಅವಳಿಗೂ ಹಲ್ಲಿರಲಿಲ್ಲ! ಮೊರವನ್ನೊಮ್ಮೆ ಜೋರಾಗಿ ಬೀಸಿ, ಎದ್ದ ಗಾಳಿಯನ್ನು ಬಾಳೆಯೆಲೆಯಲ್ಲಿ ಕಟ್ಟಿಕೊಟ್ಟಳು. "ಕಣ ಬಿಟ್ಟು ಬರೋಕಾಗಲ್ಲ. ಇದನ್ನು ಬಿಚ್ಚು, ಸಾಕ್ಷಿ ತಾನಾಗೇ ಬರತ್ತೆ."

ಚೆನ್ನಿಗ ಊರು ತಲುಪಿದಾಗ ಅಮಾವಾಸ್ಯೆಯ ಮಧ್ಯಾಹ್ನ. ಅರಮನೆಯ ಅಂಗಳದಲ್ಲಿ ಊರೇ ನೆರೆದಿತ್ತು. ಹೊನ್ನಾಜಮ್ಮನಿಗೆ ಕಲ್ಲು ಗಂಟಲವರೆಗೆ ಏರಿತ್ತು. ಅಷ್ಟು ದಿನ ಬಿಸಿಲಲ್ಲಿ ಒಬ್ಬಳೇ ನಿಂತರೆ ಯಾರಿಗಾದರೂ ಅನುಮಾನ ಬಾರದೆ?

"ಮಗ," ಎಂದಳು ಸಣ್ಣ ದನಿಯಲ್ಲಿ, "ನಿಮ್ಮಮ್ಮ ಸಾಯೋ ಮುಂಚೆ ಅವಳ ಹತ್ತಿರ ಜಗಳ ಆಡಿದ್ದೆ ಕಣೋ. ಅದಕ್ಕೇ ಇರಬಹುದಾ?" ಕಲ್ಲು ಗದ್ದ ಮುಟ್ಟಿತು.

"ಅಲ್ಲತ್ತೆ!" ಚೆನ್ನಿಗ ಕೂಗಿದ. "ಮುಪ್ಪನ್ನು ಯಾರೂ ಮಾಡಲಿಲ್ಲ. ಅದು ಶಿಕ್ಷೆಯಲ್ಲ! ಇಲಿಗೆ ಎರಡು ವರ್ಷಕ್ಕೆ ಬರುತ್ತೆ, ಬಾವಲಿಗೆ ಮೂವತ್ತಾದರೂ ಬರಲ್ಲ. ಯಾವುದೂ ಪಾಪ ಮಾಡಿದ್ದಲ್ಲ. ಕೇರುವವಳ ಕಣ್ಣು ತೊಟ್ಟಿಲಿನತನಕ ಮಾತ್ರ. ತೊಟ್ಟಿಲು ದಾಟಿಸಿ, ನನ್ನಂಥವನನ್ನೂ ಸಾಕಿ, ಇಷ್ಟು ದೂರ ಬಂದವಳು ನೀನು. ನಿನ್ನ ನರೆ ಅಂದರೆ ಅಷ್ಟೇ ಅತ್ತೆ, ನೀನು ಇಲ್ಲಿತನಕ ಬಂದೆ ಅಂತ!"

"ಕಟ್ಟುಕತೆ!" ಧೂಮಾಕ್ಷ ಅಬ್ಬರಿಸಿದ. "ಸಾಕ್ಷಿ ಎಲ್ಲಿ?"

ಚೆನ್ನಿಗ ಎಲೆ ಬಿಚ್ಚಿದ. ಮೊರದ ಗಾಳಿ ಎದ್ದಿತು. ಏಳು ಬೆಟ್ಟದ ಮೋಡಗಳನ್ನು ಎಳೆದು ತಂದಿತು. ಧೋ ಎಂದು ಮಳೆ! ಜನ ಓಡಲು ಹೊರಟರು. ಓಡುವುದೆಲ್ಲಿಗೆ, ಗಾಳಿ ಒಂದೊಂದು ಬಾಗಿಲನ್ನೂ ಮುಚ್ಚಿಬಿಟ್ಟಿತ್ತು. ಸೇನಾಪತಿಯ ಮೀಸೆ ಬಿಳಿಯಾಯಿತು. ಪುರೋಹಿತರ ಜುಟ್ಟು ಬಿಳಿಯಾಯಿತು. ಹೊನ್ನಾಜಮ್ಮನನ್ನು ಹಿಡಿದುತಂದ ಕಾವಲಿನವನ ತಲೆಯಂತೂ ಹಿಂಜಿದ ಹತ್ತಿ! ಎಲ್ಲರ ಕಣ್ಣು ಸಿಂಹಾಸನದ ಕಡೆ ಹೊರಳಿದರೆ, ದೊರೆ ನೀಲಾಂಗನ ಕಿರೀಟದಡಿಯಿಂದ ಕಪ್ಪು ನೀರು ಇಳಿದು ರೇಷ್ಮೆ ಅಂಗಿಯೆಲ್ಲ ಮಸಿ.

ಆಗ ಹೊನ್ನಾಜಮ್ಮನ ನಗು ಕೇಳಿಸಿತು.

"ಅಯ್ಯೋ ನನ್ನ ದೊರೆಯೇ! ನೀವೂ ಮಾವಿನಕಾಯಿ ಕದ್ದಿದ್ರಾ?"

ದೊರೆಗೂ ನಗು ತಡೆಯಲಾಗಲಿಲ್ಲ. ಕಿರೀಟ ತೆಗೆದು, ಮುಖವೆತ್ತಿ ಮಳೆಗೆ ಒಡ್ಡಿದ. ಅವನನ್ನು ನೋಡಿ ಊರೆಲ್ಲ ತಲೆಯೆತ್ತಿತು. ತಗ್ಗಿದ ತಲೆಗಲ್ಲವೇ ಮಂತ್ರ ತಟ್ಟುತ್ತಿದ್ದುದು? ಹೊನ್ನಾಜಮ್ಮನ ಗದ್ದದಿಂದ ಕಲ್ಲು ಸಿಪ್ಪೆಸಿಪ್ಪೆಯಾಗಿ ಉದುರಿತು. ಆ ನಗು ಕೇಳಿ ಕೋಟೆಯ ಸುತ್ತಲಿನ ಕಲ್ಲುಗಳೂ ಮೈ ಕೊಡವಿದವು, ಒಬ್ಬೊಬ್ಬರಾಗಿ ಅಜ್ಜ ಅಜ್ಜಿಯರು ಎದ್ದು ಬಂದು, "ಏನ್ರೋ, ಊಟ ಆಯ್ತಾ?" ಎಂದು ಮಕ್ಕಳನ್ನು ತಬ್ಬಿಕೊಂಡರು.

ಹೀರಿದ ಉಸಿರೆಲ್ಲ ಹಿಂದಕ್ಕೆ ಹೋದಮೇಲೆ ಧೂಮಾಕ್ಷ ಏನಾದ? ನೂರಾರು ವರ್ಷದ ಸುಕ್ಕು ಒಮ್ಮೆಗೇ ಮೈಗೆ ಬಂದು, ಮುಷ್ಟಿಯಷ್ಟು ಮುದುಕನಾಗಿ ಚಳಿಗೆ ನಡುಗುತ್ತಿದ್ದ. "ನನ್ನನ್ನು ಕೊಲ್ಲಬೇಡಿ. ನನ್ನ ತಲೆಯಲ್ಲಿ ಮೊದಲನೇ ನರೆ ಕಂಡ ದಿನ ಹೆದರಿದೆ, ಅಲ್ಲಿಂದ ಹೆದರುತ್ತಲೇ ಇದ್ದೇನೆ" ಎಂದು ತಲೆ ತಗ್ಗಿಸಿ ಅತ್ತ.

ಹೊನ್ನಾಜಮ್ಮ ಅವನ ಗದ್ದ ಹಿಡಿದಳು. "ಮೊದಲು ತಲೆ ಎತ್ತು. ಕಲ್ಲು ಮಾಡಿದ್ದಕ್ಕೆ ದಂಡ, ದಿನಾ ನಮ್ಮನೆ ಒಲೆ ಊದಬೇಕು. ಮುದಿ ಆಗಿದ್ದಕ್ಕೆ ದಂಡ ಇಲ್ಲ. ಬಾ, ಬಿಸಿ ಗಂಜಿ ಕುಡಿ."

ಅಂದಿನಿಂದ ಆ ಊರಿನಲ್ಲಿ ಗಂಜಿಯನ್ನು ತಲೆಗೆ ಬಳಿಯುವುದು ನಿಂತು ಹೊಟ್ಟೆಗೆ ಕುಡಿಯುವುದು ಶುರುವಾಯಿತು. ಮೊದಲ ಮಳೆ ಬಿದ್ದರೆ ಎಲ್ಲರೂ ಬೀದಿಗೆ ಬಂದು ಮುಖವೆತ್ತಿ ನೆನೆಯುತ್ತಾರೆ; ಮೊದಲ ನರೆ ಕಂಡವರ ಮನೆಯಲ್ಲಿ ಹೋಳಿಗೆ ಊಟ. ಅವರು ಅಲ್ಲಿ ನರೆತು ನಗುತ್ತಿದ್ದಾರೆ, ನಾವು ಇಲ್ಲಿ ನಗುನಗುತ್ತ ನರೆಯೋಣ.