ತಂತಿಯೊಳಗಿನ ಎದೆಬಡಿತ

ಮೊದಲು ಬರೀ ಗುಂಯ್ ಎಂಬ ಸದ್ದು. ಅದು ಕರೆಂಟು. ತಟ್ಟನೆ ಅದು ನಿಂತಿತು. ನಿಂತ ಮೇಲೆ, ಬಾವಿಯ ತಳದಿಂದ ಬಂದಂತೆ, ಒಂದು ಎದೆ ಬಡಿಯತೊಡಗಿತು.

ಕೋರ್ಟಿನಲ್ಲಿದ್ದವರೆಲ್ಲ ಮೇಜಿನತ್ತ ಬಾಗಿದರು. ಸಾಕ್ಷಿಕಟ್ಟೆಯಲ್ಲಿ ಗುರುಸಂಗಪ್ಪ ನಿಂತಿದ್ದ. ಅವನು ಮರಡಿಹಾಳ ಸಬ್‌ಸ್ಟೇಷನ್ನಿನ ಆಪರೇಟರ್. ಬಡಿಯುತ್ತಿದ್ದದ್ದು ಹೋದ ವರ್ಷ ಸತ್ತ ನೇಕಾರ ಸಿದ್ರಾಮನ ಎದೆ.

ಮೇಜಿನ ಮೇಲಿದ್ದ ಯಂತ್ರಕ್ಕೆ ಅದನ್ನು ಕಂಡುಹಿಡಿದ ವಿಜ್ಞಾನಿ ಮೈತ್ರಾ ಕುಲಗೋಡ ತಂತಿಗಿವಿ ಎಂದು ಹೆಸರಿಟ್ಟಿದ್ದಳು. ಎಲ್ಲರ ಎದೆಯಲ್ಲೂ ಇಷ್ಟೇ ಇಷ್ಟು ವಿದ್ಯುತ್ತು ಹುಟ್ಟುತ್ತದೆ, ಆಸ್ಪತ್ರೆಯಲ್ಲಿ ಇಸಿಜಿ ತೆಗೆಯುವುದು ಅದನ್ನೇ, ಎಂದು ಅವಳು ನ್ಯಾಯಾಧೀಶರಿಗೆ ತಿಳಿಸಿ ಹೇಳಿದಳು. ಕಾದ ಅಲ್ಯೂಮಿನಿಯಂ ತಂತಿ ಮೈಗೆ ಅಂಟಿಕೊಂಡೇ ಆರುವಾಗ ಆ ಮಿಡಿತ ತಂತಿಯ ಕಣಗಳಲ್ಲಿ ಅಚ್ಚಾಗಿ ಉಳಿಯುತ್ತದಂತೆ. ಕರೆಂಟು ಹರಿಯುವಾಗ ಏನೂ ಕೇಳದು. ಅದು ನಿಂತಾಗ ಮಾತ್ರ ಎದೆ ಕೇಳುತ್ತದೆ.

ವಿದ್ಯುತ್ ಕಂಪನಿಯ ವಕೀಲರು ಮೊದಲ ದಿನದಿಂದ ಒಂದೇ ರಾಗ ಎಳೆದಿದ್ದರು. ಸಿದ್ರಾಮ ಕರೆಂಟು ಕದಿಯಲು ತಂತಿಗೆ ಕೊಕ್ಕೆ ಹಾಕಿದ, ಮುಟ್ಟಿದ ಕೂಡಲೇ ಸತ್ತ, ಮಾಡಿದ್ದುಣ್ಣೋ ಮಾರಾಯ. 2061 ಬಂದರೂ ಕಾನೂನು ಹಳೆಯದೇ: ಅಪಾಯದ ವಸ್ತು ಇಟ್ಟುಕೊಂಡು ವ್ಯಾಪಾರ ಮಾಡುವವನೇ ಅದರಿಂದಾದ ಸಾವಿಗೆ ಹೊಣೆ, ತಪ್ಪು ಇರಲಿ ಬಿಡಲಿ. ಸತ್ತವನೇ ಬೇಕೆಂದು ಕೈ ಹಾಕಿದ್ದರೆ ಮಾತ್ರ ಕಂಪನಿ ಪಾರು. ಹಾಗಾಗಿ ಸಿದ್ರಾಮ ಕಳ್ಳನಾಗಲೇಬೇಕಿತ್ತು. ಸತ್ತವರು ಎದ್ದು ಬಂದು ಅಲ್ಲವೆನ್ನುತ್ತಾರೆಯೇ?

ತಂತಿಗಿವಿ ಅಲ್ಲವೆಂದಿತು. ಸಿದ್ರಾಮನಿಗೆ ತಗುಲಿದ ಆ ತಂತಿಯಲ್ಲಿ ಅಚ್ಚು ಬಿದ್ದದ್ದು ಅಂಗೈಯದಲ್ಲ, ಬೆನ್ನಿನದು. ಹರಿದ ತಂತಿ ಸೈಕಲ್ ಮೇಲೆ ಹೊರಟವನ ಹಿಂದಿನಿಂದ ಬಿದ್ದಿತ್ತು. ಬೆನ್ನಿನಿಂದ ಕೊಕ್ಕೆ ಹಾಕುವ ಕಳ್ಳನನ್ನು ಯಾರು ಕಂಡಿದ್ದಾರೆ!

ಆದರೆ ಯಂತ್ರ ಅಷ್ಟಕ್ಕೇ ಸುಮ್ಮನಾಗಲಿಲ್ಲ. ಎದೆ ಮುಕ್ಕಾಲು ನಿಮಿಷ ಬಡಿಯಿತು. ಮತ್ತೆ ಗುಂಯ್. ಮತ್ತೆ ಮೌನ, ಅದರಲ್ಲಿ ತಡವರಿಸುವ ಎದೆ. ಮತ್ತೊಮ್ಮೆ ಗುಂಯ್. ಆಮೇಲಿನ ಮೌನದಲ್ಲಿ ಏನೂ ಇರಲಿಲ್ಲ.

ಆ ಎಣಿಕೆ ಗುರುಸಂಗಪ್ಪನ ಕೈಗೆ ಗೊತ್ತಿತ್ತು. ಮರಡಿಹಾಳದ ಸೀರೆ ಆಕಾಶನಿಲ್ದಾಣಕ್ಕೂ ಹೋಗುತ್ತಿದ್ದ ಕಾಲ. ಸಬ್‌ಸ್ಟೇಷನ್ನಿನ ಪದ್ಧತಿ ಮಾತ್ರ ಮುತ್ತಜ್ಜನ ಕಾಲದ್ದೇ. ಲೈನು ಟ್ರಿಪ್ಪಾದರೆ, ಅಂದರೆ ತಾನಾಗಿ ಕಡಿದುಕೊಂಡರೆ, ಕೊಂಬೆಯೋ ಕಾಗೆಯೋ ತಾಗಿರುತ್ತದೆ, ಎರಡು ಸಲ ಗುಂಡಿ ಒತ್ತಿ ಕರೆಂಟು ಬಿಟ್ಟು ನೋಡು, ಆದರೂ ಕಡಿದುಕೊಂಡರೆ ಲೈನ್‌ಮನ್‌ನನ್ನು ಕಳಿಸು. ಇದು ಎಲ್ಲೂ ಬರೆದಿಟ್ಟದ್ದಲ್ಲ, ಹಿರಿಯರು ಕಿರಿಯರಿಗೆ ಹೇಳಿಕೊಟ್ಟದ್ದು. ಅಂದು ಅವನೂ ಎರಡು ಸಲ ಒತ್ತಿದ್ದ. ನಡುವಿನ ಮೌನದಲ್ಲಿ ಚಹಾ ಕುಡಿದಿದ್ದ. ಅಯ್ಯೋ, ಆಗ ಸಿದ್ರಾಮ ಬದುಕಿದ್ದನಲ್ಲ!

ಗುಂಡಿ ಒತ್ತಿದ್ದು ತಾನೇ ಎಂದು ಅವನು ಒಪ್ಪಿಕೊಂಡ ಕೂಡಲೇ ಕಂಪನಿಯ ವಕೀಲರು ಮಗ್ಗುಲು ಬದಲಿಸಿದರು. ಒತ್ತೆಂದು ಕಂಪನಿಯ ಲಿಖಿತ ಆದೇಶವೇ ಇಲ್ಲ, ಕೊಂದದ್ದು ಈ ಮನುಷ್ಯನ ಕೈ ಎಂದರು. ಇಪ್ಪತ್ತಾರು ವರ್ಷ ಅನ್ನ ಹಾಕಿದ ಕಂಪನಿ ತನ್ನನ್ನು ಕೊಲೆಗಾರನೆನ್ನುವುದನ್ನು ಗುರುಸಂಗಪ್ಪ ಕೇಳುತ್ತ ನಿಂತ.

ಸಿದ್ರಾಮನ ಹೆಂಡತಿ ದಾನವ್ವ ಎದ್ದು ನಿಂತಳು. ಗಂಡನ ಎದೆಬಡಿತ ಕೇಳಿದ ಕಿವಿಯ ಮೇಲಿಂದ ಅವಳು ಇನ್ನೂ ಕೈ ತೆಗೆದಿರಲಿಲ್ಲ.

"ಅಣ್ಣಾ, ನಿನಗ ಅಷ್ಟು ಅವಸರ ಮಾಡಿದವರು ಯಾರು?"

"ಫೋನ್ ಬರಾಕತ್ತಿದ್ವು, ತಂಗೀ," ಎಂದ. "ಮಗ್ಗ ನಿಂತಾವು, ಫ್ಯಾನ್ ನಿಂತಾವು ಅಂತ. ಎರಡು ನಿಮಿಷದಾಗ ಹದಿನೇಳು ಫೋನ್."

ದಾನವ್ವ ಕುಸಿದು ಕೂತಳು. ಆ ಹದಿನೇಳರಲ್ಲಿ ಒಂದು ಅವಳದೇ ಆಗಿತ್ತು.

ತೀರ್ಪು ಕಂಪನಿಯ ವಿರುದ್ಧ ಬಂತು. ಪದ್ಧತಿ ಬರೆದಿರಲಿ ಬಿಡಲಿ, ಅದು ಕಂಪನಿಯದೇ. ಆಪರೇಟರನ ಬೆನ್ನ ಹಿಂದೆ ಅಡಗುವಂತಿಲ್ಲ ಎಂದರು ನ್ಯಾಯಾಧೀಶರು. ಇನ್ನು ಮುಂದೆ ಪ್ರತಿ ಸಬ್‌ಸ್ಟೇಷನ್ನಿನಲ್ಲೂ ತಂತಿಗಿವಿ ಇರಬೇಕು, ನಿಂತ ಲೈನಿಗೆ ಕಿವಿಗೊಟ್ಟ ಮೇಲೇ ಗುಂಡಿ ಒತ್ತಬೇಕು ಎಂದೂ ಆದೇಶವಾಯಿತು. ಬದುಕಿರುವ ಮೈ ತಂತಿಗೆ ತಾಗಿದ್ದರೆ ಯಂತ್ರ ಅದರ ಎದೆಬಡಿತವನ್ನು ಆಗಿಂದಾಗಲೇ ಕೇಳಿಸಿಬಿಡುತ್ತದೆ. ಗುರುಸಂಗಪ್ಪನ ಮೇಲೆ ಕೇಸಾಗಲಿಲ್ಲ. ಅವನೇ ಕೆಲಸ ಬಿಟ್ಟ.

ಮರುವರ್ಷ ಬೇಸಿಗೆಯ ಒಂದು ಮಧ್ಯಾಹ್ನ ಉಂಡು ಅಡ್ಡಾಗಿದ್ದಾಗ ಫ್ಯಾನು ನಿಂತಿತು. ಒಂದು ನಿಮಿಷವಾಯಿತು, ಎರಡಾಯಿತು, ಐದಾಯಿತು. ಬೆವರು ಕಿತ್ತುಬಂತು. ಓಣಿಯಲ್ಲಿ ಯಾರೋ ಸಬ್‌ಸ್ಟೇಷನ್ನಿನವರ ವಂಶ ಜಾಲಾಡುತ್ತಿದ್ದರು. ನಿದ್ದೆಗಣ್ಣಿನಲ್ಲೇ ಗುರುಸಂಗಪ್ಪ ಗೊಣಗಿದ, ಮಗ್ಗುಲಾದ, ಮತ್ತೆ ಗೊಣಗಿದ. ಎಚ್ಚರಾದಾಗ ಫೋನು ಅವನ ಕಿವಿಯಲ್ಲೇ ಇತ್ತು. ತನ್ನದೇ ಬಾಯಿ ಕೇಳುತ್ತಿತ್ತು:

"ಏನ್ರೀ, ಇನ್ನೂ ಎಷ್ಟೊತ್ತು?"

ಆ ಕಡೆ ಹೊಸ ಆಪರೇಟರ್ ಹುಡುಗಿ.

"ಇದು ನಲವತ್ತೊಂದನೇ ಫೋನ್ ರೀ, ಯಜಮಾನ್ರ. ದಯವಿಟ್ಟು ಇಡ್ರಿ. ತಂತಿಯೊಳಗ ಯಾರದೋ ಎದಿ ಬಡಿಯಾಕತ್ತೈತಿ."